ಪಾದಪೂಜೆಯ ದಿನದ ಮುಳ್ಳಹಂದಿ

ನವಲಗುಂದದ ಮನೆಗೆ ನಾನು ಸಣ್ಣ ಸೊಸೆಯಾಗಿ ಬಂದಾಗ ನನಗೆ ಜೋಳದ ರೊಟ್ಟಿ ಬಡಿಯಲು ಬರುತ್ತಿರಲಿಲ್ಲ. ಹುಬ್ಬಳ್ಳಿಯ ತವರುಮನೆಯಲ್ಲಿ ರೊಟ್ಟಿಗೆ ಅವ್ವ ಇದ್ದಳು, ನನಗೆ ಕಾಲೇಜಿತ್ತು. ಇಲ್ಲಿ ಮನೆಯವರು, ಹೊಲದ ಆಳುಗಳು ಎಲ್ಲ ಸೇರಿ ದಿನಾ ಬುಟ್ಟಿಗಟ್ಟಲೆ ರೊಟ್ಟಿ ಬೇಕು. ನಾನು ಬಡಿದದ್ದು ಹಂಚಿಗೆ ಹೋಗುವ ದಾರಿಯಲ್ಲೇ ಹರಿದು ಎರಡಾಗುತ್ತಿತ್ತು. ಅತ್ತೆ ಕೆಲವು ದಿನ ಸುಮ್ಮನೆ ನೋಡಿದರು. ಆಮೇಲೆ ಒಂದು ಮುಂಜಾನೆ, ಸಿಟ್ಟಿಲ್ಲ ಏನಿಲ್ಲ, ಹವಾಮಾನ ಹೇಳಿದ ಹಾಗೆ ಹೇಳಿದರು: "ಒಲಿ ಬಿಟ್ಟು ಏಳ ತಂಗಿ. ಹಿಟ್ಟು ದಂಡ ಆಗಾಕತ್ತೈತಿ. ನೀ ಹುಡುಗನ್ನ ನೋಡ್ಕೊ ಹೋಗು."

ಹುಡುಗ ಅಂದರೆ ನನ್ನ ನೆಗೆಣ್ಣಿಯ, ಭಾವನ ಹೆಂಡತಿಯ, ಮಗ. ಇನ್ನೂ ಸಾಲಿಗೆ ಹಾಕಿರಲಿಲ್ಲ. ಅವನನ್ನು ನೋಡಿಕೊಳ್ಳುವುದಕ್ಕಿಂತ ರೊಟ್ಟಿ ಕಲಿಯುವುದೇ ಸುಲಭ ಎಂದು ನನಗೆ ಮಧ್ಯಾಹ್ನದೊಳಗೆ ತಿಳಿಯಿತು. ಕೊಟ್ಟಿಗೆಯಲ್ಲಿ ಹುಡುಕಿದರೆ ಅಟ್ಟದ ಮೇಲಿರುತ್ತಿದ್ದ, ಅಟ್ಟ ಹತ್ತಿದರೆ ಬಾಜು ಮನೆಯಲ್ಲಿ ಸಿಗುತ್ತಿದ್ದ.

ಆ ವರ್ಷ ಸಂಕ್ರಾಂತಿ ಮುಗಿಯುತ್ತಲೇ ಅವನಿಗೆ ಕಾಮಣಿಯಾಯಿತು. ಕಣ್ಣಿನ ಬಿಳಿಯೆಲ್ಲ ಅರಿಷಿಣ. ದವಾಖಾನೆಯ ಡಾಕ್ಟರು ರೆಪ್ಪೆ ಎಳೆದು ನೋಡಿ, "ಎಣ್ಣಿ ಬಂದ್. ಖಾರ ಬಂದ್. ಕರದದ್ದೆಲ್ಲಾ ಬಂದ್. ಹಣ್ಣ ತಿನ್ನಸ್ರಿ, ಎಷ್ಟು ತಿಂತಾನ ಅಷ್ಟು," ಎಂದರು.

ಹುಡುಗ ಅಲ್ಲೇ ಕೇಳಿದ: "ಮಿರ್ಚಿ ಭಜಿ?"

"ಅದೂ ಬಂದ್."

"ನಾ ಮೆಣಸಿನಕಾಯಿ ಬಿಟ್ಟು ಬರೇ ಮ್ಯಾಲಿಂದು ತಿಂತೀನ್ರಿ."

ಡಾಕ್ಟರು ಮುಂದಿನವರನ್ನು ಕರೆದರು.

ಹಣ್ಣಿಗೆ ನಮ್ಮಲ್ಲಿ ಬರವಿರಲಿಲ್ಲ. ಹೊಲದ ಬಾವಿಯ ಬಾಜು ಪ್ಯಾರಲ, ಅಂದರೆ ಸೀಬೆಯ ಗಿಡಗಳಿದ್ದವು, ಬದುವಿನಲ್ಲಿ ಬಾರಿಹಣ್ಣು, ಎಂದರೆ ಎಲಚಿ, ಉದುರಿ ಬಿದ್ದಿರುತ್ತಿತ್ತು. ನಮ್ಮವರು ದಿನಾ ಬಸ್ಸಿನಲ್ಲಿ ಹುಬ್ಬಳ್ಳಿಗೆ ಹೋಗಿ ಬರುತ್ತಿದ್ದುದರಿಂದ ಸಂಜೆಯ ಚೀಲದಲ್ಲಿ ಬಾಳೆಹಣ್ಣು, ದ್ರಾಕ್ಷಿ, ಒಮ್ಮೊಮ್ಮೆ ಪಪ್ಪಾಯಿ ಬರುತ್ತಿತ್ತು. ಬರವಿದ್ದದ್ದು ತಿನ್ನುವ ಬಾಯಿಗೆ. ನೆಗೆಣ್ಣಿ ಹಣ್ಣು ಹೆಚ್ಚಿ ತಾಟಿನಲ್ಲಿಟ್ಟರೆ ಹುಡುಗ ತಾಟನ್ನು ಕಾಲಿನಿಂದ ಮೆಲ್ಲಗೆ ದೂರ ಸರಿಸುತ್ತಿದ್ದ. "ಹಣ್ಣ ಜಡ್ಡಿದ್ದವರು ತಿನ್ನೂದು," ಎನ್ನುತ್ತಿದ್ದ. "ನಿನಗ ಜಡ್ಡಾಗೇತಲೋ" ಎಂದರೆ, "ಜಡ್ಡಿದ್ದವರು ಮಲಗಿರ್ತಾರ, ನಾ ಎಲ್ಲಿ ಮಲಗೀನಿ?" ಎಂದು ಎದ್ದು ಓಡುತ್ತಿದ್ದ. ಅವನನ್ನು ಹಿಡಿದು ಬಾಯಿಗೆ ತುರುಕಿದ ಹೋಳು ಸ್ವಲ್ಪ ಹೊತ್ತಿನ ಮೇಲೆ ಯಾವುದೋ ಕಂಬದ ಹಿಂದೆ ಸಿಗುತ್ತಿತ್ತು. ನೆಗೆಣ್ಣಿ ಸೆರಗಿನಿಂದ ಕಣ್ಣೊರೆಸಿಕೊಂಡು, "ತಂಗಿ, ನೀನರೆ ಏನರ ಮಾಡು," ಎಂದು ತಾಟನ್ನು ನನ್ನ ಮುಂದಿಟ್ಟು ಹೋದಳು.

ಏನು ಮಾಡಲಿ? ಪಡಸಾಲೆಯ ಕಂಬಕ್ಕೆ ಒರಗಿ ಒಂದು ಪ್ಯಾರಲಹಣ್ಣನ್ನು ಕೈಯಲ್ಲಿ ತಿರುಗಿಸುತ್ತ ಕೂತೆ. ಒಂದು ತುದಿ ಚೂಪು, ಇನ್ನೊಂದು ಕಡೆ ದುಂಡಗೆ ಹೊಟ್ಟೆ. ಚೂಪು ತುದಿ ನನ್ನ ಕಡೆ ಮೂಸಿದ ಹಾಗೆ ಕಂಡಿತು. ಒಳಗೆ ಹೋಗಿ ಎರಡು ಲವಂಗ ತಂದು ಕಣ್ಣು ಚುಚ್ಚಿದೆ. ಇನ್ನೊಂದು ಹಣ್ಣಿನಿಂದ ತೆಳ್ಳಗೆ ಎರಡು ಬಿಲ್ಲೆ ಕೊಯ್ದು ಕಿವಿ ಸಿಕ್ಕಿಸಿದೆ. ಕೊತ್ತಂಬರಿಯ ದಂಟೊಂದು ಬಾಲವಾಯಿತು. ನೆಲದ ಮೇಲಿಟ್ಟಾಗ ನನಗೇ ಒಂದು ಕ್ಷಣ ಕಾಲು ಮೇಲೆತ್ತಿಕೊಳ್ಳಬೇಕು ಅನ್ನಿಸಿತು.

ಹುಡುಗ ಕಂಬದ ಆಚೆಯಿಂದ ಮುಖ ಹಾಕಿದ. "ಚಿಗವ್ವ, ಅದು ಕಡಿತೈತೇನು?"

"ನೀ ಮೊದಲ ಕಡದ್ರ ಅದು ಕಡಿಯಾಂಗಿಲ್ಲ."

ಅವನು ಸ್ವಲ್ಪ ವಿಚಾರ ಮಾಡಿದ. ಮೆಲ್ಲಗೆ ಹಿಂದಿನಿಂದ ಬಂದು, ಗಪ್ಪನೆ ಹಿಡಿದು, ಕಿವಿ ಎರಡನ್ನೂ ಕಚ್ಚಿ ತಿಂದ. ಆಮೇಲೆ ಬೆನ್ನು, ಹೊಟ್ಟೆ. ಕಣ್ಣುಗಳನ್ನು ಉಗುಳಿ, "ಕಣ್ಣ ಖಾರ ಅದಾವ," ಎಂದ. ಆಮೇಲೆ ಕೇಳಿದ: "ಇದರ ತಮ್ಮ ಎಲ್ಲಿ?"

ಅದರ ತಮ್ಮನನ್ನೂ ಮಾಡಿದೆ. ಅಂದು ಸಂಜೆಯೊಳಗೆ ಆ ಇಲಿಯ ಇಡೀ ಬಳಗ ಅವನ ಹೊಟ್ಟೆ ಸೇರಿತು.

ಮರುದಿನದಿಂದ ಬಾಜು ಮನೆಯ ಹುಡುಗಿಯೂ ಬಂದಳು. ನಮ್ಮ ಬಾಜು ಜಮಖಾನ ನೇಯುವ ಮುಸಲ್ಮಾನರ ಮನೆ. ನಡುವಿನ ಗೋಡೆಯಲ್ಲಿ ಒಂದು ಕಿಂಡಿ. ಆ ಕಿಂಡಿಯಲ್ಲಿ ಹಿಟ್ಟು, ಸಕ್ಕರೆ, ಸುದ್ದಿ ಎಲ್ಲ ಆಚೆ ಈಚೆ ಆಗುತ್ತಿದ್ದವು. ಹುಡುಗಿ ನಮ್ಮವನಿಗಿಂತ ತುಸು ದೊಡ್ಡವಳು, ಧೈರ್ಯದಲ್ಲಿ ಬಹಳ ದೊಡ್ಡವಳು. ಅವಳ ದಾದಿ, ಅಂದರೆ ಅಜ್ಜಿ, ಮುಂಜಾನೆಯಿಂದ ಸಂಜೆಯವರೆಗೆ ಮಗ್ಗದ ಮುಂದೆ ಕೂತು ಕಬ್ಬಿಣದ ಪಂಜದಿಂದ ದಬದಬ ನೂಲು ಬಡಿಯುತ್ತಿದ್ದಳು. ಅಷ್ಟು ವರ್ಷದ ಆ ಸದ್ದಿಗೆ ದಾದಿಯ ಕಿವಿ ಮಂದವಾಗಿದ್ದವು. ಅದರಿಂದ ಅವಳು ಗುಟ್ಟು ಹೇಳಿದರೆ ಓಣಿಯ ತುದಿಗೆ ಕೇಳುತ್ತಿತ್ತು. ಅವಳೂ ನಮ್ಮ ಅತ್ತೆಯೂ ಒಂದೇ ವರ್ಷ ಈ ಓಣಿಗೆ ಸೊಸೆಯಾಗಿ ಬಂದವರು, ದಿನಾ ಬೈದಾಡದಿದ್ದರೆ ಇಬ್ಬರಿಗೂ ಉಂಡದ್ದು ಕರಗುತ್ತಿರಲಿಲ್ಲ.

ಮಕ್ಕಳು ನೋಡುವುದರಿಂದ ಮಾಡುವುದಕ್ಕೆ ಬಂದರು. ಈಳಿಗೆ ಮುಟ್ಟಬಾರದೆಂದು ನಾನು ಹೇಳಿದ್ದೆ. ಹುಡುಗಿ ಓಡಿಹೋಗಿ ಮನೆಯಿಂದ ಒಂದು ಮಾರು ನೂಲು ತಂದಳು. ಎರಡು ತುದಿ ಎರಡು ಕೈಯಲ್ಲಿ ಬಿಗಿಯಾಗಿ ಹಿಡಿದು ಒತ್ತಿದರೆ ಬಾಳೆಹಣ್ಣು ಬೆಣ್ಣೆಯ ಹಾಗೆ ಕೊಯ್ಯುತ್ತಿತ್ತು. ಆದರೆ ಅವಳು ತಂದದ್ದು ಕೆಂಪು ಬಣ್ಣದ ನೂಲು. ನಾವು ಮಾಡಿದ ಕುದುರೆಯ ಕುತ್ತಿಗೆಗೂ ಕಾಲಿಗೂ ಕೆಂಪು ಹತ್ತಿ, ಅದು ಯುದ್ಧದಿಂದ ಬಂದ ಹಾಗೆ ಕಂಡಿತು. ನಮ್ಮ ಹುಡುಗ ಹಿಂದೆ ಸರಿದು, "ಇದಕ್ಕ ರಕ್ತ ಬಂದೈತಿ, ನಾ ಒಲ್ಲೆ," ಎಂದ. ಕಿಂಡಿಯ ಆಚೆಯಿಂದ ದಾದಿ ಗದರಿದಳು: "ಬಣ್ಣದ ನೂಲು ಹೊಟ್ಟಿಗೆ ಹೋದೀತು! ಬಿಳೇದ ಒಯ್ಯ!" ಬಿಳಿ ನೂಲಿನ ಉಂಡೆಯೊಂದು ಕಿಂಡಿಯಿಂದ ಹಾರಿ ಬಂತು.

ಕಾಮಣಿಯ ಕೂಸು ಹಣ್ಣು ತಿನ್ನುತ್ತಿದೆಯೆಂದು ಎಲ್ಲರಿಗೂ ಸಂತೋಷವೇ. ಆದರೆ ಏನು ತಿನ್ನುತ್ತಿದೆ ಎಂದು ಅತ್ತೆ ಹತ್ತಿರ ಬಂದು ನೋಡಿದ ದಿನ ಮೊದಲ ತಕರಾರು ಬಂತು.

"ಇಲಿ ಗಣಪ್ಪನ ವಾಹನ ಅಲ್ಲೇನ? ಮುಂಜಾನೆ ಕೈ ಮುಗಿಯೂದು, ಮಧ್ಯಾಹ್ನ ಕಿವಿ ಕಡಿಯೂದು! ಇದೆಂಥಾ ಪದ್ಧತಿಬೇ?"

ಇಲಿ ಬಿಟ್ಟೆವು. ಆನೆ ಮಾಡಿದರೆ ಅದು ಸಾಕ್ಷಾತ್ ಗಣಪ್ಪನೇ ಎಂದರು. ಬಾಳೆಹಣ್ಣಿನ ಹಾವು ಮಾಡಲು ಅತಿ ಸುಲಭವಿತ್ತು; ಅದನ್ನು ನೋಡಿ ಎರಡೂ ಗಲ್ಲ ಬಡಿದುಕೊಂಡು "ನಾಗಪ್ಪಾ, ತಪ್ಪಾತು" ಎಂದರು. ಮಂಗ ಹನುಮಪ್ಪ. ಕುದುರೆ, ನಾಯಿ ಮೈಲಾರಪ್ಪನವು. ಹುಲಿ, ಸಿಂಹ ಎರಡೂ ದೇವಿಯವು. ಬೆಕ್ಕಿಗೆ ಯಾವ ದೇವರೂ ಇಲ್ಲ ಎಂದು ನಾನು ಧೈರ್ಯ ಮಾಡಿ ಹೇಳಿದೆ. ಅತ್ತೆ ಬಹಳ ಹೊತ್ತು ವಿಚಾರ ಮಾಡಿದರು. "ದೇವರಿಲ್ಲ ಖರೇ. ಆದರ ಬೆಕ್ಕಿನ ಜೀವಾ ತಗದ್ರ ಬಂಗಾರದ ಬೆಕ್ಕ ಮಾಡಿಸಿ ದಾನಾ ಕೊಡಬೇಕಂತಾರ. ನಿಮ್ಮಪ್ಪ ಕೊಡ್ತಾನೇನು?"

ಕತ್ತೆಯನ್ನು ಸೂಚಿಸಿದೆ. "ಕತ್ತಿ ತಿಂದ್ರ ಬುದ್ಧಿ ಎಲ್ಲಿಂದ ಬರಬೇಕ ಹುಡುಗಗ!" ಎಂದು ಅದನ್ನೂ ತೆಗೆದು ಹಾಕಿದರು.

ಈ ಮಾತೆಲ್ಲ ಕಟ್ಟೆಯ ಮೇಲೆ ಕೂತ ಮಾವನವರ ಕಿವಿಗೆ ಬೀಳುತ್ತಿತ್ತು. ಮಾವನವರದು ಮಾತು ಕಡಿಮೆ. ಸೊಸೆಯರೊಡನೆ ಇನ್ನೂ ಕಡಿಮೆ. ನಾನು ಬಂದು ಅಷ್ಟು ತಿಂಗಳಾಗಿದ್ದರೂ ಅವರು ನನ್ನ ಜೊತೆ ಆಡಿದ್ದು "ನೀರು" ಮತ್ತು "ಸಾಕು" ಎಂಬ ಎರಡೇ ಮಾತು. ಅಂದು ಮಕ್ಕಳು ಬಾಳೆಹಣ್ಣಿನಿಂದ ನಾಲ್ಕು ಕಾಲಿನ ಏನನ್ನೋ ಮಾಡಿ ಎತ್ತು ಎಂದು ಕೂಗಿದ್ದೇ ತಡ, ಮಾವನವರು ಕಟ್ಟೆಯಿಂದ ಇಳಿದು ಬಂದರು.

"ಇದು ಎತ್ತಲ್ಲ. ಕ್ವಾಣ. ಇಣಿ ಎಲ್ಲೈತಿ?"

ಇಣಿ ಅಂದರೆ ಎತ್ತಿನ ಬೆನ್ನಿನ ಮೇಲಿನ ಡುಬ್ಬ. ನಾವು ಅದನ್ನು ಮರೆತಿದ್ದೆವು. ಮಾವನವರು ಒಳಗಿನಿಂದ ಬೆಲ್ಲದ ಹರಳು ತಂದು ತಾವೇ ಇಣಿ ಕೂಡಿಸಿದರು. ಕೊಂಬು ಸರಿಯಿಲ್ಲವೆಂದು ಬಾಳೆಹಣ್ಣಿನ ತೊಟ್ಟು ಸೀಳಿ ಬೇರೆ ಕೊಂಬು ಮಾಡಿದರು. ಒಂದೇ ಎತ್ತು ಇಟ್ಟರೆ ಹೇಗೆ, ಜೋಡಿ ಬೇಕು ಎಂದು ಇನ್ನೊಂದನ್ನು ಮಾಡಿ, ನೂಲಿನ ಹಗ್ಗ ಕಟ್ಟಿ, ಕಡ್ಡಿಯ ನೊಗ ಹೂಡಿ, ದೂರದಿಂದ ತಲೆ ಓರೆ ಮಾಡಿ ನೋಡಿದರು. ಅಷ್ಟರಲ್ಲಿ ನಮ್ಮ ಹುಡುಗ ಬಲಗಡೆಯ ಎತ್ತನ್ನು ಎತ್ತಿ ಬಾಯಿಗೆ ಒಯ್ದ.

"ಬಿಡಲೇ ಮಗನ! ಎತ್ತು ತಿಂತೀಯೇನಲೇ? ಹೊಲಾ ಯಾರು ಹೂಡವ್ರು?"

ಹುಡುಗ ಹೆದರಿ ಎತ್ತನ್ನು ಕೆಳಗಿಟ್ಟ. ಮಾವನವರು ಜೋಡಿಯನ್ನು ಗೂಡಿನಲ್ಲಿ ದೀಪದ ಪಕ್ಕ ಇಟ್ಟರು. ಸಂಜೆಗೆ ಇರುವೆ ಹತ್ತಿದವು. ತಿನ್ನುವಂತಿಲ್ಲ, ಚೆಲ್ಲಲು ಮನಸ್ಸಿಲ್ಲ. ಮರುದಿನ ಮುಂಜಾನೆ ಅವರು ಎರಡನ್ನೂ ಕೊಟ್ಟಿಗೆಗೆ ಒಯ್ದು ಎತ್ತುಗಳಿಗೇ ತಿನ್ನಿಸಿದರಂತೆ. ಎತ್ತನ್ನು ಎತ್ತು ತಿಂದರೆ ದೋಷವಿಲ್ಲ ಎಂದು ಅವರ ಮತ.

ಹೀಗೆ ನಮಗೆ ಮಾಡಲು ಪ್ರಾಣಿಯೇ ಉಳಿಯಲಿಲ್ಲ. ಹುಡುಗ ಮತ್ತೆ ತಾಟನ್ನು ಕಾಲಿನಿಂದ ಸರಿಸತೊಡಗಿದ. ನಾನೂ ಆ ಇಬ್ಬರು ಮಕ್ಕಳೂ ಪಡಸಾಲೆಯಲ್ಲಿ ಕೂತು ಯಾವ ದೇವರಿಗೂ ಬೇಡವಾದ, ಯಾವ ಮನುಷ್ಯನಿಗೂ ಉಪಯೋಗವಿಲ್ಲದ ಪ್ರಾಣಿಯನ್ನು ಹುಡುಕುತ್ತಿದ್ದೆವು. ಆಗ ಮಾವನವರೇ ಕಟ್ಟೆಯಿಂದ ದಾರಿ ತೋರಿಸಿದರು.

"ಮುಳ್ಳಹಂದಿ ಮಾಡ್ರಿ. ಹ್ವಾದ ವರ್ಸ ನಮ್ಮ ಅರ್ಧ ಶೇಂಗಾ ಹಡ್ಡಿ ತಿಂದೈತಿ. ಅದನ್ನ ಬಿಡಬ್ಯಾಡ್ರಿ. ನನಗೂ ಒಂದು ತುಂಡ ಕೊಡ್ರಿ."

ಅತ್ತೆಯೂ ಒಪ್ಪಿದರು. ಮುಳ್ಳಹಂದಿಯ ಮೇಲೆ ಕೂತು ಬರುವ ದೇವರು ಇಲ್ಲವೆಂದು ಅವರಿಗೂ ಖಾತ್ರಿಯಿತ್ತು.

ನಮ್ಮವರು ತಂದ ಪಪ್ಪಾಯಿಯನ್ನು ಸಿಪ್ಪೆ ತೆಗೆದು, ಉದ್ದಕ್ಕೆ ಅರ್ಧ ಮಾಡಿ, ತಾಟಿನ ಮೇಲೆ ಬೋರಲು ಹಾಕಿದೆ. ಮಕ್ಕಳು ತೊಳೆದ ಬೇವಿನ ಕಡ್ಡಿಗೆ ಒಂದೊಂದು ದ್ರಾಕ್ಷಿ ಪೋಣಿಸಿ ಬೆನ್ನ ತುಂಬ ಚುಚ್ಚಿದರು. ಮೂತಿಗೆ ಬಾರಿಹಣ್ಣು. ಕಣ್ಣಿಗೆ ಎಂದಿನಂತೆ ಲವಂಗ. ನಿಜಕ್ಕೂ ಅದು ಎದ್ದು ಶೇಂಗಾ ಹೊಲಕ್ಕೆ ನಡೆಯುವ ಹಾಗಿತ್ತು. ಮಾವನವರು ಮೊದಲ ತುಂಡು ತಿಂದು, "ಭಾಳ ಛಲೋ ಆತು," ಎಂದರು. ಅದು ರುಚಿಗೆ ಹೇಳಿದ್ದೋ ಸೇಡಿಗೆ ಹೇಳಿದ್ದೋ ಗೊತ್ತಾಗಲಿಲ್ಲ.

ಹಣ್ಣಿನಿಂದಲೋ ಔಷಧದಿಂದಲೋ, ಹುಡುಗನ ಕಣ್ಣು ಬೆಳ್ಳಗಾದವು. ಕಣ್ಣು ತಿಳಿಯಾದರೆ ಅಯ್ಯನವರನ್ನು ಕರೆದು ಪಾದಪೂಜೆ ಮಾಡಿಸುತ್ತೇನೆಂದು ಅತ್ತೆ ಹರಕೆ ಹೊತ್ತಿದ್ದರು. ಸೋಮವಾರ ಗೊತ್ತಾಯಿತು. ಹಿಂದಿನ ದಿನ ಮಧ್ಯಾಹ್ನ, ಕಾಮಣಿ ಹೋದ ಖುಷಿಗೆಂದು, ಮಕ್ಕಳು ಎಲ್ಲಕ್ಕಿಂತ ದೊಡ್ಡ ಮುಳ್ಳಹಂದಿಯನ್ನು ಮಾಡಿದರು, ಎಲ್ಲರೂ ಕೂಡಿ ತಿಂದು ಮುಗಿಸಿದೆವು.

ಸೋಮವಾರ ಮನೆಯೆಲ್ಲ ಸಾರಿಸಿ ಆಗಿತ್ತು, ಒಲೆಯ ಮೇಲೆ ಹೋಳಿಗೆ ಬೇಯುತ್ತಿತ್ತು. ಅಯ್ಯನವರು ನಮ್ಮ ಓಣಿಯ ಜಂಗಮರೇ, ಹೆಂಡತಿ ಮಕ್ಕಳಿರುವ ಗೃಹಸ್ಥರು, ದೊಡ್ಡ ಹೊಟ್ಟೆ, ಮೆತ್ತಗಿನ ಮಾತು. ಪೂಜೆ ಮುಗಿಯಿತು. ಅವರನ್ನು ಪಡಸಾಲೆಯಲ್ಲಿ ಪ್ರಸಾದಕ್ಕೆ ಕೂಡಿಸಿದೆವು. ಮಾವನವರು ಪಕ್ಕದಲ್ಲಿ ನಿಂತು ಬೀಸಣಿಗೆ ಬೀಸುತ್ತಿದ್ದರು. ಅತ್ತೆ ತುಪ್ಪ ನೀಡುತ್ತಿದ್ದರು. ಅಯ್ಯನವರು ಹೋಳಿಗೆಯ ದೊಡ್ಡ ತುಂಡನ್ನು ತುಪ್ಪದಲ್ಲಿ ಅದ್ದಿ ಬಾಯಿಯ ಹತ್ತಿರ ತಂದಿದ್ದರು.

ಆಗ ಬಾಗಿಲಲ್ಲಿ ದಾದಿ ಕಾಣಿಸಿದಳು, ಮೊಮ್ಮಗಳ ರಟ್ಟೆ ಹಿಡಿದುಕೊಂಡು. ಒಳಗೆ ಅಯ್ಯನವರು ಕೂತದ್ದು ಕಂಬದ ಮರೆಯಲ್ಲಿತ್ತು. ಅವಳಿಗೆ ಕಂಡದ್ದು ಅತ್ತೆ ಮಾತ್ರ. ಮರ್ಯಾದೆಯ ವಿಷಯವೆಂದು ದಾದಿ ತಗ್ಗಿದ ದನಿಯಲ್ಲಿ, ಅಂದರೆ ಓಣಿಯ ತುದಿಗೆ ಕೇಳುವ ಹಾಗೆ, ಕೇಳಿದಳು:

"ಏನಬೇ, ನಿನ್ನಿ ನಿಮ್ಮನ್ಯಾಗ ಎಲ್ಲಾರೂ ಕೂಡಿ ಹಂದಿ ತಿಂದೀರಂತ! ನಮ್ಮ ಹುಡುಗಿಗೂ ತಿನ್ನಸೀರಂತ! ಖರೇ ಏನಬೇ?"

ಬೀಸಣಿಗೆ ನಿಂತಿತು. ಅಯ್ಯನವರ ಕೈ ತುಟಿಯ ಹತ್ತಿರ ಹಾಗೆಯೇ ನಿಂತಿತು. ಅವರ ಕಷ್ಟ ನನಗೆ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ: ಪ್ರಸಾದ ಅಂದಮೇಲೆ ಎಡೆಯಲ್ಲಿ ಬಿಟ್ಟು ಏಳುವಂತಿಲ್ಲ, ಕೇಳಿದ ಮಾತಿನ ಮೇಲೆ ನುಂಗುವಂತೆಯೂ ಇಲ್ಲ. ತುಪ್ಪ ಅವರ ಮೊಣಕೈಯವರೆಗೆ ಇಳಿದು ಬರುತ್ತಿತ್ತು.

ನಮ್ಮ ಹುಡುಗ ಮುಂದೆ ಬಂದು ಕೈ ಕಟ್ಟಿ ನಿಂತ. ಅಯ್ಯನವರ ಮುಂದೆ ಖರೇ ಹೇಳಬೇಕೆಂದು ಅವನಿಗೆ ಬೆಳಿಗ್ಗೆ ತಾನೇ ಅತ್ತೆ ಕಲಿಸಿದ್ದರು. "ಹೌದ್ರಿ ಅಯ್ಯಾರ, ನಾನೂ ತಿಂದೀನ್ರಿ. ಅಜ್ಜನೂ ತಿಂದಾನ್ರಿ. ಅಜ್ಜ ಎರಡು ಸಲ ಹಾಕಿಸ್ಕೊಂಡಾನ್ರಿ."

ಅಯ್ಯನವರು ನಿಧಾನವಾಗಿ ತಲೆ ಎತ್ತಿ ಮಾವನವರನ್ನು ನೋಡಿದರು. "ಯಜಮಾನ್ರ, ಏನಿದು?"

ಮಾವನವರು ಎಂದೂ ಉದ್ದ ಮಾತಾಡಿದವರಲ್ಲ. ಆ ದಿನವಾದರೂ ಆಡಬೇಕಿತ್ತು. ಗಂಟಲು ಸರಿ ಮಾಡಿಕೊಂಡು, "ಹಂದಿ ಅಲ್ರಿ," ಎಂದರು. ಆಮೇಲೆ, "ಮುಳ್ಳಹಂದಿ," ಎಂದರು.

ಒಳಗೆ ಹೋಳಿಗೆ ಬೇಯಿಸುತ್ತಿದ್ದ ನೆಗೆಣ್ಣಿಯ ಕೈಯಿಂದ ಸವಟು ಬಿದ್ದ ಸದ್ದು ಕೇಳಿತು.

"ಪಪ್ಪಾಯಿದ್ರಿ!" ಎಂದು ಅತ್ತೆ ಚೀರಿದರು. "ಪಪ್ಪಾಯಿ ಹಣ್ಣಿಂದು ಮುಳ್ಳಹಂದಿ ಮಾಡಿದ್ವಿರಿ, ಕೂಸಿಗೆ ಆಟಕ್ಕಂತ!"

ದಾದಿಗೆ ಅರ್ಧ ಕೇಳಿತು. "ಪಪ್ಪಾಯಿಗೆ ಮೂತಿ ಎಲ್ಲಿಂದ ಬಂತಬೇ? ನಮ್ಮ ಹುಡುಗಿ ಮೂತಿ ತಾನ ತಿಂದೆ ಅಂತ ಹೇಳ್ತಾಳ! ಕಣ್ಣು ಉಗುಳಿದ್ವಿ ಅಂತ ಹೇಳ್ತಾಳ!" ಎಂದು ಮೊಮ್ಮಗಳನ್ನು ಮುಂದೆ ತಳ್ಳಿದಳು. "ಹೇಳ, ಏನ ತಿಂದಿ?"

ಹುಡುಗಿ ಅಳುಕದೆ ಲೆಕ್ಕ ಒಪ್ಪಿಸಿದಳು. "ಮೊದಲ ಮುಳ್ಳಹಂದಿ ಇತ್ತು. ಮುಳ್ಳೆಲ್ಲಾ ಕಿತ್ತು ತಿಂದ್ವಿ. ಬರೇ ಹಂದಿ ಉಳೀತು. ಆಮ್ಯಾಲೆ ಹಂದಿ ತಿಂದ್ವಿ."

ಅತ್ತೆ ನನ್ನ ಕಡೆ ತಿರುಗಿದರು. "ನೋಡ್ಕೋತ ಏನ ನಿಂತಿ? ಮಾಡಿ ತೋರಸು!"

ಮನೆಯಲ್ಲಿ ಪಪ್ಪಾಯಿಯ ಒಂದು ಹೋಳೂ ಉಳಿದಿರಲಿಲ್ಲ. ಇದ್ದದ್ದು ಪೂಜೆಯ ಹರಿವಾಣದ ಹಣ್ಣು ಮಾತ್ರ. ಅತ್ತೆ ಅದನ್ನೇ ತಂದು ನನ್ನ ಮುಂದೆ ಕುಕ್ಕಿದರು. ಅಯ್ಯನವರು, ಮಾವನವರು, ದಾದಿ, ಕದದ ಸಂದಿಯಿಂದ ನೆಗೆಣ್ಣಿ, ಬಾಗಿಲಲ್ಲಿ ಅಷ್ಟರಲ್ಲಿ ನೆರೆದ ಓಣಿಯ ಹೆಂಗಸರು, ಇಷ್ಟೂ ಜನರ ನಡುವೆ ನಾನು ಪ್ಯಾರಲಹಣ್ಣು ಹಿಡಿದು ಕೂತೆ. ಹಣ್ಣು ಓರೆಯಾಗಿ ಕೊಯ್ದುಕೊಂಡಿತು. ಕಣ್ಣು ಚುಚ್ಚಿದರೆ ಹಣೆಗೆ ಹೋಯಿತು. ಅಯ್ಯನವರು ಬಗ್ಗಿ ನೋಡಿ ಮೆತ್ತಗೆ ಕೇಳಿದರು: "ಇದು ಯಾವ ಪ್ರಾಣಿ ತಂಗಿ?"

ನಮ್ಮ ಹುಡುಗನಿಗೆ ನಾಚಿಕೆಯಾಯಿತು. "ಸರಿ ಚಿಗವ್ವ, ನಿನಗ ಬರಾಂಗಿಲ್ಲ," ಎಂದು ನನ್ನನ್ನು ಬದಿಗೆ ದೂಡಿದ. ಹುಡುಗಿ ಅಜ್ಜಿಯ ಕೈ ಬಿಡಿಸಿಕೊಂಡು ಬಂದು ಅವನ ಎದುರು ಕೂತಳು. "ಕಡ್ಡಿ ಇಲ್ಲ, ದ್ರಾಕ್ಷಿ ಇಲ್ಲ. ಮುಳ್ಳ ಎಲ್ಲಿಂದ ತರೂದು? ಆಮಿ ಮಾಡೂಣು," ಎಂದಳು. ಅರ್ಧ ಪ್ಯಾರಲವನ್ನು ಬೋರಲು ಹಾಕಿದರು. ಉಗುರಿನಿಂದ ಬೆನ್ನ ಮೇಲೆ ಗೆರೆ ಗೀರಿದರು. ನೂಲಿನಿಂದ ಬಾಳೆಹಣ್ಣು ಕೊಯ್ದು ನಾಲ್ಕು ಕಾಲು ಇಟ್ಟರು. ಒಂದು ಬಾರಿಹಣ್ಣು ಕತ್ತು ಚಾಚಿ ತಲೆಯಾಯಿತು. ಇಷ್ಟು ಮಂದಿ ನೋಡುತ್ತಿದ್ದಾರೆಂಬ ಪರಿವೆಯೇ ಇಲ್ಲದೆ, "ಕಾಲು ದಪ್ಪ ಆತು," "ನೀ ಸುಮ್ಮಕಿರು," ಎಂದು ಜಗಳಾಡುತ್ತ ಮುಗಿಸಿ, ಅಯ್ಯನವರ ಎಡೆಯ ಮುಂದೆ ತಂದು ಇಟ್ಟರು.

ಆಮೆ ಅಯ್ಯನವರನ್ನು ನೋಡಿತು. ಅಯ್ಯನವರು ಆಮೆಯನ್ನು ನೋಡಿದರು. ಮೊದಲು ಅವರ ಹೊಟ್ಟೆ ಕುಲುಕಿತು, ಆಮೇಲೆ ಭುಜ, ಕೊನೆಗೆ ದನಿ ಹೊರಗೆ ಬಂತು. ಅವರು ಅಷ್ಟು ನಗುತ್ತಾರೆಂದು ಓಣಿಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ನಗುತ್ತಲೇ ಕೈಯಲ್ಲಿದ್ದ ಹೋಳಿಗೆಯನ್ನು ಬಾಯಿಗಿಟ್ಟರು. ಅದು ಒಳಗೆ ಇಳಿದದ್ದನ್ನು ನೋಡಿ ಅತ್ತೆ ನಿಟ್ಟುಸಿರು ಬಿಟ್ಟರು.

ಆ ನಗುವಿಗೆ ಕಂಬದ ಆಚೆ ಇಣುಕಿದಾಗಲೇ ದಾದಿಗೆ ಅಯ್ಯನವರು ಕಂಡದ್ದು. ಸೆರಗು ತಲೆಯ ಮೇಲೆ ಎಳೆದುಕೊಂಡು, "ಯಾ ಅಲ್ಲಾ, ಊಟದ ಹೊತ್ತಿನ್ಯಾಗ ಏನ ಮಾತಾಡಿಬಿಟ್ಟೆ!" ಎಂದು ಅಲ್ಲೇ ಹೊಸ್ತಿಲ ಹತ್ತಿರ ಕೂತುಬಿಟ್ಟಳು. ಆಮೇಲೆ ಅವಳಿಗೂ ನಗು ಬಂತು. ಕಣ್ಣೊರೆಸಿಕೊಳ್ಳುತ್ತ ಮೊಮ್ಮಗಳಿಗೆ ಹೇಳಿದಳು: "ಹೆಸರು ಪೂರಾ ಹೇಳಬೇಕವ್ವಾ. ಅರ್ಧಾ ಹೇಳಿದ್ರ ಮನಿ ಮುರೀತಾವ." ಅತ್ತೆ ಬಿಸಿ ಹೋಳಿಗೆಗಳನ್ನು ಎಲೆಯಲ್ಲಿ ಸುತ್ತಿ ಅವಳ ಉಡಿಯಲ್ಲಿ ಹಾಕಿ, "ತಿನ್ನು. ಹಂದಿ ಹಾಕಿಲ್ಲ," ಎಂದರು.

ಅತ್ತೆಗೆ ಇನ್ನೊಂದು ಸಂಶಯ ಉಳಿದಿತ್ತು. ಅಯ್ಯನವರು ಕೈ ತೊಳೆದು ತಾಂಬೂಲ ಹಾಕಿಕೊಳ್ಳುವಾಗ ಕೇಳಿಯೇಬಿಟ್ಟರು: "ಅಯ್ಯಾರ, ಹಿಂಗ ದೇವರ ವಾಹನದ ಆಕಾರ ಮಾಡಿ ತಿಂದ್ರ ದೋಷ ಬರ್ತೈತೇನ್ರಿ?"

ಅಯ್ಯನವರು ಆಮೆಯನ್ನು ಅಂಗೈಯಲ್ಲಿಟ್ಟುಕೊಂಡು ಹಿಂದೆ ಮುಂದೆ ತಿರುಗಿಸಿದರು. "ಇದನ್ನ ಮನಿಗೆ ಒಯ್ದು, ವಿಚಾರ ಮಾಡಿ ಹೇಳ್ತೀನ್ರಿ," ಎಂದು ಎಲೆಯಲ್ಲಿ ಸುತ್ತಿಕೊಂಡು ಹೊರಟರು.

ವಿಚಾರದ ತೀರ್ಮಾನ ಬರಲೇ ಇಲ್ಲ. ಕೆಲವು ದಿನ ಬಿಟ್ಟು ಅವರ ಹೆಂಡತಿ ಬಂದರು. ಮುಖ ಸಪ್ಪಗಿತ್ತು.

"ನಿಮ್ಮ ಆಮಿಯಿಂದ ಮನ್ಯಾಗ ನಿಂದ್ರಾಕ ಆಗವಲ್ದವ್ವಾ," ಎಂದು ಅತ್ತೆಯ ಮುಂದೆ ಕೂತರು.

ಆದದ್ದಿಷ್ಟು. ಅಯ್ಯನವರು ಆಮೆಯನ್ನು ತಮ್ಮ ಕಿರಿಯ ಮಗಳಿಗೆ ಕೊಟ್ಟಿದ್ದರು. ಆ ಹುಡುಗಿ ಅದನ್ನು ತಿನ್ನಲಿಲ್ಲ. ಹಿತ್ತಾಳೆಯ ಬೋಗುಣಿಯಲ್ಲಿ ನೀರು ಹಾಕಿ, ಅದರಲ್ಲಿ ಆಮೆಯನ್ನು ಬಿಟ್ಟು, ದಿನಾ ಅನ್ನದ ಅಗುಳು ಹಾಕಿ ಸಾಕುತ್ತಿದ್ದಳು. ಆಮೆ ಈಗ ಕರ್ರಗಾಗಿ ನಾರುತ್ತಿತ್ತು. ಯಾರಾದರೂ ಬೋಗುಣಿಯ ಹತ್ತಿರ ಹೋದರೆ ಹು‌ಡುಗಿ ಮನೆ ಹಾರಿಹೋಗುವ ಹಾಗೆ ಅಳುತ್ತಿದ್ದಳು.

"ನಾ ಬರ್ತೀನಿ ನಡೀರಿ," ಎಂದು ಅತ್ತೆ ಎದ್ದರು. "ನೀನೂ ಬಾ," ಎಂದು ನನ್ನನ್ನು ಕರೆದರು. ಅಪರಾಧಿಯನ್ನು ಸ್ಥಳಕ್ಕೆ ಕರೆದೊಯ್ಯುವ ಹಾಗಿತ್ತು ಆ ಕರೆ.

ಅಯ್ಯನವರ ಮನೆಯಲ್ಲಿ ಅತ್ತೆ ಮೂಗು ಮುಚ್ಚಿಕೊಳ್ಳದೆ ಬೋಗುಣಿಯ ಮುಂದೆ ಕುಕ್ಕರುಗಾಲಿನಲ್ಲಿ ಕೂತರು. ಹುಡುಗಿ ಎರಡೂ ಕೈಯಿಂದ ಬೋಗುಣಿಯನ್ನು ತಬ್ಬಿಕೊಂಡಿದ್ದಳು.

"ಭಾಳ ಛಲೋ ಆಮಿ," ಎಂದರು ಅತ್ತೆ. "ಆದರ ಇದರವ್ವ ಕೆರ್ಯಾಗ ಇದನ್ನ ಹುಡುಕಾಕತ್ತಾಳ. ಮುಂಜಾನೆ ನೀರಿಗೆ ಹ್ವಾದಾಗ ನಾ ನೋಡೀನಿ. ಅದಕ್ಕ ಅವ್ವನ ನೆನಪಾಗಿ ಹಿಂಗ ಕರ್ರಗ ಆಗೇತಿ. ನಾ ಒಯ್ದು ಬಿಟ್ಟು ಬರ್ಲೇನು?"

ಹುಡುಗಿ ಆಮೆಯನ್ನು ನೋಡಿದಳು, ಅತ್ತೆಯನ್ನು ನೋಡಿದಳು. "ನಾನ ಬಿಡ್ತೀನಿ," ಎಂದಳು.

ಇದು ಅತ್ತೆಯ ಲೆಕ್ಕದಲ್ಲಿರಲಿಲ್ಲ. ಆದರೆ ಆಡಿದ ಮಾತು ಆಡಿದ್ದೇ. ಹುಡುಗಿ ಬೋಗುಣಿ ಹೊತ್ತು ಮುಂದೆ, ಹಿಂದೆ ಅತ್ತೆ, ಅಯ್ಯನವರ ಹೆಂಡತಿ, ನಾನು, ಸುದ್ದಿ ತಿಳಿದು ಬಂದು ಸೇರಿಕೊಂಡ ನಮ್ಮ ಹುಡುಗ ಮತ್ತು ಬಾಜು ಮನೆಯ ಹುಡುಗಿ. ನಮ್ಮ ಆ ಮೆರವಣಿಗೆ ಕೆರೆಯ ದಂಡೆ ಮುಟ್ಟುವ ಹೊತ್ತಿಗೆ ಕೊಡ ಹೊತ್ತ ಹೆಂಗಸರೆಲ್ಲ ನಿಂತು ನೋಡುತ್ತಿದ್ದರು. ಊರಿಗೆ ಕುಡಿಯುವ ನೀರಿನ ಕೆರೆ ಅದು. ಕಾಯುವ ಮುದುಕ ಕೋಲು ಅಡ್ಡ ಹಿಡಿದ.

"ಕೆರ್ಯಾಗ ಏನೂ ಹಾಕಬಾರದ್ರಿ ಯವ್ವಾ."

"ಆಮಿ ಐತ್ರಿ," ಎಂದರು ಅತ್ತೆ, ಕಣ್ಣಿನಲ್ಲಿ ಸನ್ನೆ ಮಾಡುತ್ತ.

"ಆಮಿ ಇದ್ರ ಅಡ್ಡಿ ಇಲ್ರಿ. ಜೀವಾ ಐತಿಲ್ಲ?" ಎಂದು ಮುದುಕ ಬೋಗುಣಿಯಲ್ಲಿ ಇಣುಕಿದ. ಒಮ್ಮೆಲೇ ಮುಖ ಹಿಂದೆ ತೆಗೆದುಕೊಂಡ. ಅವನು ಏನೋ ಹೇಳಲು ಬಾಯಿ ತೆರೆದಿದ್ದ. ಅಷ್ಟರಲ್ಲಿ ಹುಡುಗಿಯ ಮುಖ ಅವನ ಕಣ್ಣಿಗೆ ಬಿತ್ತು. ಉಸಿರು ಬಿಗಿಹಿಡಿದು ಅವಳು ಅವನ ತೀರ್ಪಿಗೆ ಕಾಯುತ್ತಿದ್ದಳು. ಮುದುಕ ಬಾಯಿ ಮುಚ್ಚಿ, ತಲೆ ತುರಿಸಿಕೊಂಡು, ದಂಡೆಯ ಆಚೆಯ ಹುಲ್ಲಿನ ಕಡೆ ಕೋಲು ತೋರಿಸಿದ.

"ನೀರಾಗ ಒತ್ತಾಯದಿಂದ ಹಾಕಬಾರದವ್ವಾ, ಅಂಜಿಕಿ ಬರ್ತೈತಿ ಅದಕ್ಕ. ಅಲ್ಲಿ ಹುಲ್ಲಾಗ ಬಿಡು. ತಾನ ದಾರಿ ಹುಡುಕ್ಕೊಂಡು ಹೋಗ್ತೈತಿ."

ಹುಡುಗಿ ಹುಲ್ಲಿನಲ್ಲಿ ಆಮೆಯನ್ನು ಮೆಲ್ಲಗೆ ಇಟ್ಟು, ಅದರ ಮುಖವನ್ನು ನೀರಿನ ಕಡೆ ತಿರುಗಿಸಿದಳು. ನಾವೆಲ್ಲ ಸ್ವಲ್ಪ ಹೊತ್ತು ನಿಂತೆವು. ಆಮೇಲೆ ಅತ್ತೆ, "ನಡೀರಿ ಹೋಗೂಣು, ನಾವು ನಿಂತ್ರ ಅದು ನಾಚಿಕೊಂಡೀತು," ಎಂದು ಅವಳ ಕೈ ಹಿಡಿದು ಹೊರಡಿಸಿದರು.

ದಾರಿಯುದ್ದಕ್ಕೂ ಹುಡುಗಿ ತಿರುತಿರುಗಿ ನೋಡುತ್ತಿದ್ದಳು. ಏರಿಯ ತಿರುವಿನಲ್ಲಿ ನಿಂತು, ಅತ್ತೆಯ ಕೈ ಜಗ್ಗಿ, ಅಳು ತುಂಬಿದ ದನಿಯಲ್ಲಿ, "ಆಯಿ, ಅದು ಇನ್ನೂ ಅಲ್ಲೇ ಐತಿ," ಎಂದಳು.

"ಆಮಿ ಅಲ್ಲೇನ ತಂಗಿ," ಎಂದರು ಅತ್ತೆ. "ಅದೇನು ಲಗೂನ ಹೋಗ್ತೈತೇನು?"